ಫಸ್ಟ್ ಬೇಸ್ ಮುಂದಿನ ಕಲ್ಲು

ಹುಟ್ಟಿ ಮೂರು ತಿಂಗಳಿಗೇ ಕಣ್ಣು ಮುಚ್ಚಿದ ಒಂದು ಬೇಸ್‌ಬಾಲ್ ಲೀಗಿನ ವ್ಯವಹಾರದಲ್ಲಿ ನಾನು ತಲೆ ಹಾಕಿದ್ದು ನನ್ನ ಬಾಯಿಯ ದೆಸೆಯಿಂದ. ಆಗ ನಾನು ಸ್ಯಾನ್ ಡಿಯೇಗೊದಲ್ಲಿದ್ದೆ. ಟೊರ್ರಿ ಪೈನ್ಸ್ ಗುಡ್ಡದ ಮೇಲಿನ ಒಂದು ಲ್ಯಾಬಿನಲ್ಲಿ ಕೆಲಸ. ಊರಿಗೆ ಬರೆಯುವ ಕಾಗದದಲ್ಲಿ ‘ಸಂಶೋಧನೆ’ ಎಂದು ಬರೆಯುತ್ತಿದ್ದೆ. ನಿಜಕ್ಕೂ ಮಾಡುತ್ತಿದ್ದದ್ದು ಬೇರೆಯವರು ಸಂಶೋಧನೆ ಮಾಡಿ ಬಿಟ್ಟ ಗಾಜಿನ ಪಾತ್ರೆಗಳನ್ನು ತೊಳೆಯುವುದು. ಉಡುಪಿಯ ಮನೆಯಲ್ಲಿ ಕುಡಿದ ಲೋಟವನ್ನೂ ಎತ್ತಿಡದ ಮಗನನ್ನು ಅಮೆರಿಕ ಐದೇ ತಿಂಗಳಲ್ಲಿ ದಾರಿಗೆ ತಂದಿತ್ತು. ಅಮ್ಮನಿಗೆ ಇದು ತಿಳಿದಿದ್ದರೆ ಆ ದೇಶಕ್ಕೆ ಹರಕೆ ಹೊರುತ್ತಿದ್ದಳು.

ನನ್ನ ವಾಸ ನಾರ್ತ್ ಪಾರ್ಕಿನಲ್ಲಿ, ಎಂಬತ್ತು ದಾಟಿದ ಒಬ್ಬ ಅಜ್ಜಿಯ ಮನೆಯ ಹಿತ್ತಿಲ ಕೋಣೆಯಲ್ಲಿ. ಎದುರಿಗೆ ಅವರನ್ನು ‘ಮೇಡಂ’ ಎನ್ನುತ್ತಿದ್ದೆ, ಮನಸ್ಸಿನಲ್ಲಿ ‘ಓನರ್ ಅಜ್ಜಿ’. ಅವರು ಆಡುತ್ತಿದ್ದದ್ದು ಇಂಗ್ಲಿಷ್. ಇಲ್ಲಿ ಅದನ್ನು ನಮ್ಮ ಮಾತಿಗೆ ತಂದಿದ್ದೇನೆ. ಮೂಲದಲ್ಲಿ ಖಾರ ಇನ್ನೂ ಒಂದು ಚಮಚ ಹೆಚ್ಚಿತ್ತು.

ದೊಡ್ಡ ಲೀಗಿನ ಆಟಗಾರರೆಲ್ಲ ಮುಷ್ಕರ ಹೂಡಿ ಬೇಸ್‌ಬಾಲ್ ಅರ್ಧಕ್ಕೇ ನಿಂತುಹೋದ ವರ್ಷ ಅದು. ಅಜ್ಜಿ ರೇಡಿಯೊ ಹಾಕಿದರೆ ಆಟದ ಬದಲು ವಕೀಲರ ಮಾತು ಬರುತ್ತಿತ್ತು. ಒಂದು ಸಂಜೆ ಅಡುಗೆಮನೆಯ ಬಲ್ಬು ಬದಲಾಯಿಸಲು ನನ್ನನ್ನು ಕರೆದರು. ಬಲ್ಬು ಹಾಕಿ ಸ್ಟೂಲಿನಿಂದ ಇಳಿಯುವಷ್ಟರಲ್ಲಿ ಮೇಜಿನ ಮೇಲೆ ಹಳೇ ಬಟ್ಟೆಯಲ್ಲಿ ಸುತ್ತಿದ ಒಂದು ಪುಸ್ತಕ ಬಂದಿತ್ತು.

“ನಿನ್ನ ಅಕ್ಷರ ಹೇಗಿದೆ?” ಎಂದು ಕೇಳಿದರು.

“ಮುತ್ತು ಪೋಣಿಸಿದ ಹಾಗೆ, ಮೇಡಂ.”

“ಸ್ಕೋರ್ ಬರೆಯೋದು ಗೊತ್ತಾ?”

“ನಮ್ಮ ಮನೆತನದಲ್ಲೇ ಇದೆ. ನಮ್ಮ ಚಿಕ್ಕಪ್ಪ ಇಪ್ಪತ್ತು ವರ್ಷ ಸ್ಕೋರರ್ ಆಗಿದ್ದರು. ನಾನು ಅವರ ತೊಡೆ ಮೇಲೆ ಕೂತೇ ಕಲಿತದ್ದು.”

ಯಾವ ಆಟದ ಸ್ಕೋರರ್ ಎಂದು ಅವರು ಕೇಳಲಿಲ್ಲ, ನಾನು ಹೇಳಲಿಲ್ಲ. ಬೇಸ್‌ಬಾಲಿನ ಬಗ್ಗೆ ನನಗಿದ್ದ ಜ್ಞಾನವೆಂದರೆ ಅದರ ಬ್ಯಾಟು ದುಂಡಗಿರುತ್ತದೆ ಎಂಬುದು. ಅದೂ ಲಾಂಡ್ರಿ ಅಂಗಡಿಯ ಟಿವಿಯಲ್ಲಿ ನೋಡಿ ತಿಳಿದದ್ದು.

ಅಜ್ಜಿ ಪುಸ್ತಕ ಬಿಚ್ಚಿ ಕಥೆ ಹೇಳಿದರು. ಮೊದಲನೇ ಮಹಾಯುದ್ಧಕ್ಕೂ ಮುಂಚೆ, ಲಾಸ್ ಏಂಜಲೀಸ್ ಸುತ್ತಮುತ್ತಲಿನ ಊರುಗಳಿಗೆಲ್ಲ ಕರೆಂಟಿನ ಟ್ರಾಲಿ ಓಡುತ್ತಿದ್ದ ಕಾಲ. ಭಾನುವಾರ ಟ್ರಾಲಿಗಳು ಖಾಲಿ ಓಡುತ್ತವಲ್ಲ ಎಂದು ಯಾರಿಗೋ ಬೇಸರವಾಗಿ, ಲೈನು ಮುಗಿಯುವಲ್ಲೆಲ್ಲ ಒಂದೊಂದು ಮೈದಾನ ಮಾಡಿ, ಊರಿಗೊಂದು ಟೀಮು ಕಟ್ಟಿ, ಲೀಗ್ ಶುರು ಮಾಡಿದರು. ಎರಡೂ ಟೀಮುಗಳು, ಅವುಗಳ ಅಭಿಮಾನಿಗಳು, ಅಂಪೈರು, ಎಲ್ಲರೂ ಒಂದೇ ಟ್ರಾಲಿಯಲ್ಲಿ ಬಂದು ಅದರಲ್ಲೇ ವಾಪಸು ಹೋಗಬೇಕು. ಸೋತವರ ಪಾಡು ಬೇಡ. ಅಂಪೈರ್ ಮಾತ್ರ ಒಂದು ಸ್ಟಾಪ್ ಮೊದಲೇ ಇಳಿದು ನಡೆದುಕೊಂಡು ಹೋಗುತ್ತಿದ್ದನಂತೆ. ವಸಂತದಲ್ಲಿ ಶುರುವಾದ ಲೀಗು ಬೇಸಿಗೆ ಕಾಲಿಡುವ ಹೊತ್ತಿಗೆ ಮುಚ್ಚಿಹೋಯಿತು. ಒಂದು ಭಾನುವಾರ ಆಟಗಾರರು ಹೋಗಿ ನೋಡಿದರೆ ಮೈದಾನದ ಗೇಟಿಗೆ ಬೀಗ.

ಅದಕ್ಕೆ ಹಿಂದಿನ ಭಾನುವಾರದ ಪಂದ್ಯವೇ ಈ ಪುಸ್ತಕದ ಕೊನೆಯ ಪುಟ. ಅಜ್ಜಿಯ ಅಪ್ಪ ಅದರಲ್ಲಿ ಆಡಿದ ಒಂದು ಟೀಮಿನ ಪಿಚರ್, ಅಂದರೆ ನಮ್ಮ ಲೆಕ್ಕದಲ್ಲಿ ಬೌಲರ್. ವಾರವೆಲ್ಲ ಮನೆಮನೆಗೆ ಐಸ್ ಹೊರುತ್ತಿದ್ದವರು. ಆ ದಿನ ಎದುರು ಟೀಮಿಗೆ ಒಂದೂ ಹಿಟ್, ಅಂದರೆ ಸ್ವಂತ ಹೊಡೆತದ ಬಲದಿಂದ ಬೇಸ್ ತಲುಪುವ ಅವಕಾಶ, ಕೊಡದೆ ಗೆದ್ದಿದ್ದರು. ಹೊಡೆದು, ಓಡಿ ಮುಟ್ಟಬೇಕಾದ ಮೊದಲ ಠಾಣೆಯಾದ ಫಸ್ಟ್ ಬೇಸ್ ತಲುಪಿದವನು ಒಬ್ಬನೇ. ಅವನೂ ತಲುಪಿದ್ದು ಅಜ್ಜಿಯ ಅಪ್ಪನ ಟೀಮಿನಿಂದ ಫಸ್ಟ್ ಬೇಸಿನಲ್ಲಿ ನಿಂತಿದ್ದವನ ಕೈಯಿಂದ ಚೆಂಡು ತಪ್ಪಿದ್ದರಿಂದ. ಪುಸ್ತಕದಲ್ಲಿ ಅವನ ಆಟ ಗುರುತಿಸಿದ ಚೌಕದಲ್ಲಿ ಪೆನ್ಸಿಲಿನಿಂದ ಇಂಗ್ಲಿಷಿನ ‘ಇ’ ಅಕ್ಷರ ಬರೆದಿತ್ತು. ಎರರ್ ಎಂದರ್ಥ. ಪಕ್ಕದಲ್ಲೇ ತಪ್ಪು ಮಾಡಿದವನ ಗುರುತು.

“ಈ ಒಂದು ಅಕ್ಷರ ಇರೋದರಿಂದ ನಮ್ಮಪ್ಪ ಒಂದೂ ಹಿಟ್ ಕೊಡಲಿಲ್ಲ ಅಂತ ಆಗುತ್ತೆ. ಇದು ಹೋದರೆ ಆ ಚೆಂಡು ಹಿಟ್ ಆಗುತ್ತೆ, ನಮ್ಮಪ್ಪ ಬರೀ ಐಸ್ ಹೊತ್ತವನಾಗ್ತಾನೆ,” ಎಂದರು ಅಜ್ಜಿ. “ಬರೆದದ್ದು ನಮ್ಮಮ್ಮ. ಸ್ಕೂಲ್ ಟೀಚರ್. ಆ ಟೀಮಿನ ಸ್ಕೋರರ್ ಅವಳೇ.”

ಈಗ ಆ ಟ್ರಾಲಿ ಲೈನಿನ ಕೊನೆಯ ಊರಿನ ಲೈಬ್ರರಿಯವರಿಗೆ, ಬದುಕಿರುವ ಲೀಗು ಆಡದೆ ಕೂತಿರುವಾಗ ಸತ್ತ ಲೀಗನ್ನಾದರೂ ಜನಕ್ಕೆ ತೋರಿಸೋಣ ಎನಿಸಿತ್ತು. ಪುಸ್ತಕದ ಪೆನ್ಸಿಲ್ ಮಾಸಿಹೋಗಿ ಫೋಟೊದಲ್ಲಿ ಮೂಡುತ್ತಿರಲಿಲ್ಲ. ಪುಸ್ತಕವನ್ನು ಮನೆಯಿಂದ ಹೊರಗೆ ಕಳಿಸಲು ಅಜ್ಜಿ ಒಪ್ಪುತ್ತಿರಲಿಲ್ಲ. ಆದ್ದರಿಂದ ಆ ಪುಟವನ್ನು ದೊಡ್ಡ ಹಾಳೆಯ ಮೇಲೆ ಇಂಕಿನಲ್ಲಿ ನಕಲು ಮಾಡಿ ಗೋಡೆಗೆ ಹಾಕಬೇಕು. ಅಜ್ಜಿಯ ಕೈ ನಡುಗುತ್ತದೆ. ನನ್ನ ಅಕ್ಷರವೋ ಮುತ್ತು.

“ಇನ್ನೊಂದು ಕೆಲಸ ಇದೆ,” ಎಂದರು. “ಆ ಟೀಮಿನ ಗ್ರೂಪ್ ಫೋಟೊ ಇರೋದು ಒಬ್ಬನ ಹತ್ತಿರ ಮಾತ್ರ. ಲಾಸ್ ಏಂಜಲೀಸಲ್ಲಿದಾನೆ. ಹೋಗಿ ಇಸ್ಕೊಂಡು ಬಾ.”

“ಫೋನ್ ಮಾಡಿ ಹೇಳಿರ್ತೀರಲ್ಲ?”

“ನಮ್ಮಿಬ್ಬರಿಗೂ ಹದಿನೈದು ವರ್ಷದಿಂದ ಮಾತಿಲ್ಲ. ಕ್ರಿಸ್‌ಮಸ್‌ಗೆ ಕಾರ್ಡ್ ಕಳಿಸ್ತಾನೆ. ಸಹಿ ಬಿಟ್ಟು ಏನೂ ಬರೆಯಲ್ಲ.”

ಚೆಂಡು ಬಿಟ್ಟ ಆ ಫಸ್ಟ್ ಬೇಸಿನವರ ಮಗ ಆತ.

ಮುಂದಿನ ಶನಿವಾರ ಐದನೇ ನಂಬರ್ ಫ್ರೀವೇ ಹಿಡಿದು ಹೊರಟೆ. ನನ್ನ ಕಾರಿನ ಡ್ರೈವರ್ ಕಡೆಯ ಗಾಜು ಏರಿಸಲು ಬರುತ್ತಿರಲಿಲ್ಲ. ಎರಡು ಗಂಟೆ ಗಾಳಿ ಹೊಡೆದು, ಎಲ್.ಎ. ಅಜ್ಜನ ಬಾಗಿಲು ತಟ್ಟುವಾಗ ನನ್ನ ಅರ್ಧ ತಲೆ ಬಾಚಿದಂತಿತ್ತು, ಇನ್ನರ್ಧ ಜಗಳ ಮುಗಿಸಿ ಬಂದಂತಿತ್ತು. ಅಜ್ಜ ಮೊದಲು ನನ್ನ ತಲೆ ನೋಡಿದರು, ಆಮೇಲೆ ಮುಖ. ಅವರ ಅಪ್ಪ ಕ್ಷೌರಿಕ, ಅವರೂ ಕ್ಷೌರಿಕ, ಅಂಗಡಿ ಮಾರಿ ಹತ್ತು ವರ್ಷವಾಗಿತ್ತು. ಕಣ್ಣು ಮಾತ್ರ ಇನ್ನೂ ಅಂಗಡಿ ತೆರೆದೇ ಇತ್ತು.

ಕೂರಿಸಿ, ಒಂದು ಬುಟ್ಟಿ ಅಕ್ರೋಟು ಮುಂದಿಟ್ಟು, ಕಾಫಿ ತರಲು ಒಳಗೆ ಹೋದರು. ಅಕ್ರೋಟು ಒಡೆಯುವ ಇಕ್ಕಳ ಬುಟ್ಟಿಯಲ್ಲೇ ಇತ್ತು. ಆದರೆ ನಾನು ಅದಕ್ಕೂ ಮುಂಚೆ ಇಕ್ಕಳ ಬಳಸಿ ಏನನ್ನೂ ತಿಂದವನಲ್ಲ. ಟೀಪಾಯಿ ಮೇಲೆ ಒಂದು ಪುಟ್ಟ ಮರದ ಪೀಠ, ಅದರ ಮೇಲೆ ನಿಂಬೆಹಣ್ಣಿನ ಗಾತ್ರದ ಒಂದು ಕಲ್ಲು. ಇಷ್ಟು ಅನುಕೂಲ ಮಾಡಿಟ್ಟಿದ್ದಾರಲ್ಲ, ಎಷ್ಟು ಒಳ್ಳೆಯ ಜನ ಎಂದುಕೊಂಡು ಆ ಕಲ್ಲಿನಿಂದ ಕುಟ್ಟತೊಡಗಿದೆ. ಅಜ್ಜ ಕಾಫಿ ಹಿಡಿದು ಬರುವಾಗ ನಾನು ನಾಲ್ಕನೆಯದರಲ್ಲಿದ್ದೆ.

ಅವರು ಕೂಗಲಿಲ್ಲ. ಕಪ್ಪು ಕೆಳಗಿಟ್ಟು, ಕಲ್ಲನ್ನು ನನ್ನ ಕೈಯಿಂದ ತೆಗೆದುಕೊಂಡು, ಕರವಸ್ತ್ರದಿಂದ ಒರೆಸಿ ಪೀಠದ ಮೇಲೆ ಇಟ್ಟರು.

“ಅದು ನಮ್ಮಪ್ಪನ ಸಾಕ್ಷಿ,” ಎಂದರು.

ಅಕ್ರೋಟಿನ ಸಿಪ್ಪೆಗಳನ್ನು ಗುಡ್ಡೆ ಮಾಡಿ ಜೇಬಿಗೆ ಹಾಕಿಕೊಂಡೆ. ಆಮೇಲೆ ತಿಳಿದದ್ದು ಇದು. ಅವರ ಅಪ್ಪ ಸಾಯುವವರೆಗೂ ಹೇಳಿದ್ದು ಒಂದೇ ಮಾತು: ಚೆಂಡು ನೇರವಾಗಿ ಕೈಗೆ ಬರುತ್ತಿತ್ತು, ನೆಲದಲ್ಲಿ ಅರ್ಧ ಹೂತಿದ್ದ ಕಲ್ಲಿಗೆ ತಗುಲಿ ಭುಜದ ಮೇಲೆ ಹಾರಿತು. ಪಂದ್ಯ ಮುಗಿದ ಮೇಲೆ ಹೋಗಿ ಆ ಕಲ್ಲನ್ನು ಕಿತ್ತು ಜೇಬಿಗೆ ಹಾಕಿಕೊಂಡು ಟ್ರಾಲಿ ಹತ್ತಿದ್ದರು. ಅಂಗಡಿಯಲ್ಲಿ ಬಾಚಣಿಗೆಗಳ ಪಕ್ಕದಲ್ಲೇ ಇಟ್ಟಿದ್ದರು. ಯಾರೂ ನಂಬಲಿಲ್ಲ. ಮಾರನೆಯ ದಿನದ ಪೇಪರಿನಲ್ಲಿ ಅವರ ಹೆಸರಿನ ಮುಂದೆ ‘ಇ’ ಅಚ್ಚಾಗಿತ್ತು. ಲೀಗೇ ಮುಚ್ಚಿಹೋದದ್ದರಿಂದ ಆ ಹೆಸರು ಮತ್ತೆ ಪೇಪರಿನಲ್ಲಿ ಬರಲೇ ಇಲ್ಲ.

“ಕ್ಷೌರಕ್ಕೆ ಬಂದವರು ಟವೆಲ್ ಎಸೆದು ‘ಇದನ್ನಾದರೂ ಹಿಡಿ’ ಅನ್ನೋರು. ಮೂವತ್ತು ವರ್ಷ ಅಂದರು,” ಎಂದರು ಅಜ್ಜ. “ಸ್ಕೋರ್ ಬರೆದವಳು ಆಮೇಲೆ ಯಾರನ್ನ ಮದುವೆಯಾದಳು ಗೊತ್ತಾ? ಪಿಚರ್‌ನ. ಇನ್ನು ನ್ಯಾಯ ಎಲ್ಲಿ ಸಿಗುತ್ತೆ?”

“ಫೋಟೊ ಸಾರ್,” ಎಂದು ಮೆಲ್ಲಗೆ ನೆನಪಿಸಿದೆ.

“ಕೊಡ್ತೀನಿ. ಆ ‘ಇ’ ಗೋಡೆ ಮೇಲೆ ಬರಬಾರದು. ಬರಲ್ಲ ಅಂತ ಹೇಳು, ಈಗಲೇ ತಗೊಂಡು ಹೋಗು.”

ಇಲ್ಲಿ ನನ್ನ ಒಂದು ಹುಟ್ಟುಗುಣ ಹೇಳಬೇಕು. ಹಿರಿಯರು ಮುಖ ನೋಡಿ ಏನಾದರೂ ಕೇಳಿದರೆ ನನ್ನ ಬಾಯಿಗೆ ‘ಇಲ್ಲ’ ಬರುವುದಿಲ್ಲ. ಅದರಲ್ಲೂ ಅವರ ಮನೆತನದ ಸಾಕ್ಷಿಯಿಂದ ಅಕ್ರೋಟು ಕುಟ್ಟಿ, ಅವರ ಟೀಪಾಯಿಗೆ ಗುಳಿ ಬೀಳಿಸಿ ಕೂತಿದ್ದೆ. “ಬರಲ್ಲ ಸಾರ್” ಎಂದೆ. ಅಜ್ಜ ಗೋಡೆಯಿಂದ ಫೋಟೊ ಇಳಿಸಿ, ಎರಡು ಟವೆಲಿನಲ್ಲಿ ಸುತ್ತಿ ಕೊಟ್ಟರು.

ಸ್ಯಾನ್ ಡಿಯೇಗೊಗೆ ಬಂದರೆ ಓನರ್ ಅಜ್ಜಿ ಬಾಗಿಲಲ್ಲೇ ನಿಂತಿದ್ದರು.

“ಏನಾದರೂ ಕಂಡೀಷನ್ ಹಾಕಿದನಾ?”

“ಇಲ್ಲ ಮೇಡಂ. ಪಾಪ, ಒಳ್ಳೇವರು.”

“‘ಇ’ ಬಗ್ಗೆ?”

“ಏನೂ ಇಲ್ಲ.”

“ಅದು ಗೋಡೆ ಮೇಲೆ ದೊಡ್ಡದಾಗಿ ಕಾಣಬೇಕು.”

“ಆಯ್ತು ಮೇಡಂ.”

ಒಂದೇ ದಿನದಲ್ಲಿ, ಇನ್ನೂರು ಕಿಲೋಮೀಟರ್ ಅಂತರದಲ್ಲಿ, ಒಂದೇ ಅಕ್ಷರದ ಬಗ್ಗೆ ಇಬ್ಬರಿಗೆ ಎರಡು ಮಾತು ಕೊಟ್ಟು ಬಂದಿದ್ದೆ.

ಎರಡು ಸಂಜೆ ಅಜ್ಜಿಯ ಕಣ್ಗಾವಲಿನಲ್ಲಿ ಪುಟವನ್ನು ನನ್ನ ನೋಟುಬುಕ್ಕಿಗೆ ಕಚ್ಚಾ ನಕಲು ಮಾಡಿದೆ. ದೊಡ್ಡ ಹಾಳೆ ಹಾಸಲು ನನ್ನ ಕೋಣೆಯಲ್ಲಿ ಮಂಚ ಬಿಟ್ಟು ಜಾಗವಿರಲಿಲ್ಲ. ಪ್ರದರ್ಶನದ ಹಿಂದಿನ ದಿನ ಲ್ಯಾಬಿಗೆ ರಜೆ ಹಾಕಿ, ಲಾಸ್ ಏಂಜಲೀಸ್ ಪಕ್ಕದ ಕಲ್ವರ್ ಸಿಟಿಯಲ್ಲಿದ್ದ ಅದೇ ಚಿಕ್ಕಪ್ಪನ ಮನೆಗೆ ಹೋದೆ. ಚಿಕ್ಕಪ್ಪ ಅಲ್ಲಿಯ ಒಂದು ಸಿನಿಮಾ ಸ್ಟುಡಿಯೊದಲ್ಲಿ ವೈರಿಂಗ್ ಕೆಲಸಕ್ಕಿದ್ದರು. ಆದರೆ ಅವರ ಜೀವ ಇನ್ನೂ ಉಡುಪಿಯ ಕ್ರಿಕೆಟ್ ಮೈದಾನದ ಸ್ಕೋರರ್ ಮೇಜಿನ ಹಿಂದೆಯೇ ಕೂತಿತ್ತು. ನೀರ್‌ದೋಸೆ ತಟ್ಟೆಗಳನ್ನು ಸರಿಸಿ ಊಟದ ಮೇಜಿನ ಮೇಲೆ ಹಾಳೆ ಹಾಸಿದೆವು. ಚಿಕ್ಕಪ್ಪ ಕನ್ನಡಕ ಏರಿಸಿ ಕಚ್ಚಾ ನಕಲು ನೋಡಿದರು.

“ಇದೆಂತ ಇದು, ‘ಇ’ ಅಂತ ಒಂದು ಕಾಲಮ್?”

“ಚೆಂಡು ಬಿಟ್ಟವರ ಲೆಕ್ಕ ಚಿಕ್ಕಪ್ಪ. ಯಾರು ಎಷ್ಟು ಸಲ ಬಿಟ್ಟರು ಅಂತ.”

ಅವರು ಕನ್ನಡಕ ತೆಗೆದರು. “ಕ್ಯಾಚ್ ಬಿಟ್ಟವನ ಹೆಸರು ಪುಸ್ತಕದಲ್ಲಿ ಬರೀಲಿಕ್ಕುಂಟಾ? ಎಂತ ಜನ ಮಾರಾಯ ಇವರು. ಸ್ಕೋರರ್ ಆದವ ನಡೆದದ್ದು ಬರೀಬೇಕು. ನಡೀಬೇಕಿತ್ತು ಅಂತ ಇರುವುದನ್ನೆಲ್ಲ ಬರೀಲಿಕ್ಕೆ ಹೊರಟರೆ ಪುಸ್ತಕ ಸಾಕಾಗ್ಲಿಕ್ಕಿಲ್ಲ. ನಾನು ಆಡುವಾಗ ಎಷ್ಟು ಕ್ಯಾಚ್ ಬಿಟ್ಟಿದ್ದೇನೆ. ಪುಸ್ತಕದಲ್ಲಿ ಒಂದಾದರೂ ಉಂಟಾ?”

“ಪುಸ್ತಕದಲ್ಲಿ ಇಲ್ಲ,” ಎಂದರು ಅಡುಗೆಮನೆಯಿಂದ ಚಿಕ್ಕಮ್ಮ. “ಊರಿಗೆಲ್ಲ ಗೊತ್ತುಂಟು.”

ನಾನು ಇಬ್ಬರಿಗೂ ಮಾತು ಕೊಟ್ಟ ಸಂಕಟ ಹೇಳಿಕೊಂಡೆ. ಚಿಕ್ಕಪ್ಪನಿಗೆ ಅದರಲ್ಲಿ ಸಂಕಟವೇ ಕಾಣಲಿಲ್ಲ. “ಸರಿಯಾದ ಸ್ಕೋರ್‌ಕಾರ್ಡ್ ಹಾಗೆ ಮಾಡುವ. ‘ಇ’ ಬೇಡವೇ ಬೇಡ. ಹಿಟ್ ಕಾಲಮ್ ಇರಲಿ, ಅದರಲ್ಲಿ ಸೊನ್ನೆ ಇರಲಿ, ಆ ಅಜ್ಜಿಗೆ ಸಂತೋಷ. ಎರರ್ ಇಲ್ಲದಿದ್ದರೆ ಈ ಅಜ್ಜನಿಗೆ ಸಂತೋಷ. ಮತ್ತೆಂತ ನಿನಗೆ?”

ಎಷ್ಟು ಸುಲಭವಾಗಿತ್ತು. ನಮ್ಮಲ್ಲಿ ಯಾರೂ ಬರೆಯದ ಕಾಲಮ್ಮೊಂದನ್ನು ಬಿಟ್ಟರೆ ಯಾರಿಗೆ ತಾನೇ ಗೊತ್ತಾದೀತು ಎಂದು ನನಗೂ ಅನಿಸಿತು. ಹಾಳೆಗೆ ಗೆರೆ ಎಳೆದೆವು. ಒಮ್ಮೆ ಶುರುವಾದ ಮೇಲೆ ಚಿಕ್ಕಪ್ಪನನ್ನು ತಡೆಯುವವರಿಲ್ಲ. ಅಜ್ಜಿಯ ಅಪ್ಪನಿಗೆ ಬೌಲಿಂಗ್ ಅನಾಲಿಸಿಸ್ ಬಂತು. ಒಂಬತ್ತು ಇನಿಂಗ್ಸ್‌ನಲ್ಲೂ ರನ್ ಕೊಡದಿದ್ದರಿಂದ ಒಂಬತ್ತನ್ನೂ ಮೇಡನ್ ಎಂದು ಬರೆಸಿದರು. “ಒಂಬತ್ತಕ್ಕೆ ಒಂಬತ್ತು ಮೇಡನ್. ಈ ಜನ ಎಂತಕ್ಕೆ ಐಸ್ ಹೊರುತ್ತಿದ್ದದ್ದು, ಟೆಸ್ಟ್ ಆಡಬೇಕಿತ್ತು.” ಫಸ್ಟ್ ಬೇಸ್ ತಲುಪಿ ಅಲ್ಲೇ ಉಳಿದವನು ಔಟ್ ಆಗಿರಲಿಲ್ಲವಾದ್ದರಿಂದ ಅವನ ಹೆಸರಿನ ಮುಂದೆ ನಾಟೌಟಿನ ನಕ್ಷತ್ರ ಹಾಕಿದೆ. ಕೊನೆಯಲ್ಲಿ ‘ಎಕ್ಸ್‌ಟ್ರಾ’ ಎಂದು ಒಂದು ಸಾಲು ಎಳೆಸಿದರು.

“ಅದರಲ್ಲಿ ಎಂತ ಬರೆಯೂದು ಚಿಕ್ಕಪ್ಪ?”

“ಬರೀಲಿಕ್ಕೆ ಇಲ್ಲದಿದ್ದರೆ ಖಾಲಿ ಇರಲಿ. ಎಕ್ಸ್‌ಟ್ರಾ ಸಾಲಿಲ್ಲದ ಸ್ಕೋರ್‌ಕಾರ್ಡ್ ಎಲ್ಲಿಯಾದರೂ ನೋಡಿದ್ದೀಯಾ?”

ಹಾಳೆಯನ್ನು ಸುರುಳಿ ಸುತ್ತಿ ತೆಗೆದುಕೊಂಡು ಸ್ಯಾನ್ ಡಿಯೇಗೊಗೆ ಹೊರಟಾಗ ನನಗೆ ನನ್ನ ಬಗ್ಗೆ ಗೌರವ ಹುಟ್ಟಿತ್ತು. ದಾರಿಯಲ್ಲಿ, ಮುಚ್ಚದ ಕಿಟಕಿಯ ಗಾಳಿಗೆ ಸುರುಳಿ ಬಿಚ್ಚಿಕೊಂಡು ನನ್ನ ಮುಖಕ್ಕೆ ಅಡ್ಡಬಂದು, ಒಂದೆರಡು ಕ್ಷಣ ಆ ಲೀಗಿನ ಚರಿತ್ರೆಯ ಮೂಲಕವೇ ಫ್ರೀವೇ ನೋಡುತ್ತಾ ಓಡಿಸಿದೆ. ಅದೊಂದು ಶಕುನ ಎಂದು ಹೊಳೆಯಲಿಲ್ಲ.

ಪ್ರದರ್ಶನ ಲೈಬ್ರರಿಯ ಹಿಂದಿನ ಒಂದು ಕೋಣೆಯಲ್ಲಿ. ಬೆಳಿಗ್ಗೆ ಹತ್ತು ಗಂಟೆಗೆ ಓನರ್ ಅಜ್ಜಿಯನ್ನು ಕಾರಿನಿಂದ ಇಳಿಸಿದೆ. ಗಾಳಿಗೆ ಅವರ ಬಿಳಿ ಕೂದಲೂ ಒಂದು ಪಕ್ಕಕ್ಕೆ ನಿಂತಿತ್ತು. ಎಲ್.ಎ. ಅಜ್ಜ ಆಗಲೇ ಬಂದು, ಟೋಪಿ ಮಡಿಲಲ್ಲಿಟ್ಟುಕೊಂಡು ಮೂಲೆಯ ಕುರ್ಚಿಯಲ್ಲಿ ಕೂತಿದ್ದರು. ಚಿಕ್ಕಪ್ಪ ಸ್ಕೋರ್‌ಕಾರ್ಡ್ ಗೋಡೆ ಮೇಲೆ ನೋಡುವ ಆಸೆಯಿಂದ ಬಂದಿದ್ದರು. ಚಿಕ್ಕಮ್ಮ ಒಂದು ಡಬ್ಬಿ ಗೋಳಿಬಜೆ ತಂದಿದ್ದರು. ಲೈಬ್ರರಿಯ ಹೆಂಗಸು ಫೋಟೊ ನೇತುಹಾಕಿ, ಪಕ್ಕದಲ್ಲಿ ನನ್ನ ಹಾಳೆಯನ್ನು ಅಂಟಿಸಿದರು.

ಅಜ್ಜಿ ಎರಡು ಹೆಜ್ಜೆ ಮುಂದೆ ಬಂದು ನಿಂತರು. ಅವರ ಮನೆಯ ಹಾಲ್‌ನಲ್ಲಿದ್ದ ಗಡಿಯಾರ ನಿಂತಾಗ ಹೀಗೇ ನೋಡಿದ್ದರು.

“‘ಇ’ ಎಲ್ಲಿ?”

ಮೂಲೆಯಿಂದ ಅಜ್ಜನೂ ಎದ್ದು ಬಂದರು. ಬೆರಳಿಟ್ಟು ಹುಡುಕುತ್ತ ಅಪ್ಪನ ಹೆಸರಿಗೆ ಬಂದರು. ಅದರ ಮುಂದೆ ಏನೂ ಇರಲಿಲ್ಲ. ಆ ಖಾಲಿ ಜಾಗದ ಮೇಲೆ ಬೆರಳು ಆಡಿಸಿದರು.

“ಹುಡುಗ ಮಾತು ಉಳಿಸಿಕೊಂಡ,” ಎಂದರು.

“ಯಾವ ಮಾತು?” ಎಂದರು ಅಜ್ಜಿ. ಹದಿನೈದು ವರ್ಷದಲ್ಲಿ ಅವರು ಅಜ್ಜನಿಗೆ ಆಡಿದ ಮೊದಲ ಮಾತು ಅದು.

“‘ಇ’ ಹಾಕಲ್ಲ ಅಂತ ನನಗೆ ಹೇಳಿದಾನೆ.”

“ಹಾಕ್ತೀನಿ ಅಂತ ನನಗೆ ಹೇಳಿದಾನೆ.”

ಇಬ್ಬರೂ ಒಟ್ಟಿಗೆ ನನ್ನ ಕಡೆ ತಿರುಗಿದರು. ನಾನು ಚಿಕ್ಕಪ್ಪನ ಕಡೆ ತಿರುಗಿದೆ. ಚಿಕ್ಕಪ್ಪ ಗೋಳಿಬಜೆ ಡಬ್ಬಿಯ ಕಡೆ ತಿರುಗಿದರು.

“ಇಲ್ಲಿ ನೋಡು,” ಎಂದು ಅಜ್ಜಿ ಹಾಳೆಗೆ ಬೆರಳಿನಿಂದ ಬಡಿದರು. “ಹಿಟ್ ಇಲ್ಲ, ಎರರ್ ಇಲ್ಲ. ಹಾಗಾದರೆ ಇವನು ಫಸ್ಟ್ ಬೇಸಿಗೆ ಹೇಗೆ ಬಂದ? ಟ್ರಾಲಿ ಹತ್ತಿ ಬಂದನಾ?”

“ಅವನಿಗೆ ನಕ್ಷತ್ರ ಬೇರೆ ಕೊಟ್ಟಿದಾನೆ,” ಎಂದರು ಅಜ್ಜ. “ಎದುರು ಟೀಮಿನವನಿಗೆ.”

“ಅದು ನಾಟೌಟ್, ಸಾರ್,” ಎಂದೆ.

“ಈ ಮೇಡನ್ ಅಂದರೆ ಯಾರು?” ಎಂದರು ಅಜ್ಜಿ. “ನಮ್ಮಪ್ಪನ ಹೆಸರಿನ ಮುಂದೆ ಒಂಬತ್ತು ಮೇಡನ್, ಒಂಬತ್ತು ಜನ ಕನ್ಯೆಯರು, ಅಂತ ಇದೆ. ನಮ್ಮಮ್ಮ ನೋಡಿದ್ದರೆ ಅವತ್ತೇ ಮದುವೆ ನಿಂತುಹೋಗ್ತಿತ್ತು.”

ನನ್ನ ಮೂರ್ಖತನದ ವಿಷಯದಲ್ಲಿ ಇಬ್ಬರಿಗೂ ಎಷ್ಟು ಒಮ್ಮತ ಬಂತೆಂದರೆ ಹದಿನೈದು ವರ್ಷದ ಮೌನ ಮುರಿದದ್ದನ್ನು ಅವರೇ ಗಮನಿಸಲಿಲ್ಲ. ಆದರೆ ನನ್ನನ್ನು ಬೈದು ಮುಗಿದ ಕೂಡಲೇ ಹಳೆಯ ಜಗಳ ಅಲ್ಲೇ ಕಾದಿತ್ತು.

“ನಿಮ್ಮಮ್ಮ ತನಗೆ ಬೇಕಾದವನಿಗೆ ಬೇಕಾದ ಹಾಗೆ ಬರೆದುಕೊಂಡಳು,” ಎಂದರು ಅಜ್ಜ.

“ಬೇಕಾದವನು? ಆಗ ಅವನನ್ನ ಕಂಡರೆ ಆಗ್ತಿರಲಿಲ್ಲ ಅವಳಿಗೆ. ಅದೇ ಪುಸ್ತಕದಲ್ಲಿ ನಮ್ಮಪ್ಪನಿಗೂ ಎರಡು ‘ಇ’ ಹಾಕಿದಾಳೆ. ಬಂದು ನೋಡು ಬೇಕಿದ್ದರೆ. ನಮ್ಮಮ್ಮ ಕಾಣದ್ದನ್ನ ಒಂದಕ್ಷರ ಬರೆದವಳಲ್ಲ.”

“ನಮ್ಮಪ್ಪನೂ ಆಗದ್ದನ್ನ ಒಂದು ಮಾತು ಆಡಿದವನಲ್ಲ.”

ಇಬ್ಬರ ದನಿಯೂ ಸಣ್ಣಗಾಗಿತ್ತು. ನನಗೆ ಅಲ್ಲಿಂದ ಓಡಿಹೋಗಬೇಕು ಅನಿಸಿತು. ಯಾರ ಪರ ನಿಂತರೂ ಇನ್ನೊಬ್ಬರ ತಂದೆತಾಯಿಯನ್ನು ಸುಳ್ಳರೆಂದ ಹಾಗಾಗುತ್ತಿತ್ತು.

ಅಷ್ಟರಲ್ಲಿ, ಈ ಗಲಾಟೆಗೂ ತನಗೂ ಸಂಬಂಧವಿಲ್ಲವೆಂಬಂತೆ ಫೋಟೊ ಮುಂದೆ ನಿಂತಿದ್ದ ಚಿಕ್ಕಪ್ಪ ನನ್ನನ್ನು ಕರೆದರು.

“ಇಲ್ಲಿ ಬಾ. ಎಂತ ಪಿಚ್ ಮಾರಾಯ ಇದು.”

“ಚಿಕ್ಕಪ್ಪ, ಈಗ ಬೇಡ.”

“ನೋಡು ಹೇಳ್ತೇನೆ. ಇದರಲ್ಲಿ ಪ್ಯಾಡ್ ಕಟ್ಟದೆ ನಿಲ್ಲಲಿಕ್ಕುಂಟಾ? ಇಡೀ ನೆಲ ಜಲ್ಲಿ. ನಾನಾದರೆ ಟಾಸ್ ಗೆದ್ದು ಮನೆಗೆ ಹೋಗ್ತಿದ್ದೆ.”

“ಏನಂತಾರೆ ಅವರು?” ಎಂದು ಅಜ್ಜಿ ಕೇಳಿದರು. ನಾನು ಅಳುಕುತ್ತಲೇ ಇಂಗ್ಲಿಷಿಗೆ ತಿರುಗಿಸಿದೆ.

ಅಜ್ಜಿ ಕೈಚೀಲದಿಂದ ಭೂತಗನ್ನಡಿ ತೆಗೆದರು. ಅಜ್ಜ ಕನ್ನಡಕ ಬದಲಾಯಿಸಿದರು. ಫೋಟೊದಲ್ಲಿ ಆಟಗಾರರು ಅದೇ ಮೈದಾನದಲ್ಲಿ ಎರಡು ಸಾಲಾಗಿ ಕೂತಿದ್ದರು. ಎಂಬತ್ತು ವರ್ಷ ಆ ಫೋಟೊ ಅಜ್ಜನ ಮನೆಯ ಗೋಡೆಯಲ್ಲಿತ್ತು. ಅವರು ನೋಡಿದ್ದು ಅಪ್ಪನ ಮುಖವನ್ನು ಮಾತ್ರ. ಬೇಸ್‌ಬಾಲಿನವರು ಮುಖ ನೋಡುತ್ತಾರೋ ಏನೋ. ಕ್ರಿಕೆಟಿನ ಕಡೆಯಿಂದ ಬಂದವನು ಮೊದಲು ಬಗ್ಗಿ ನೆಲ ನೋಡುತ್ತಾನೆ. ಆಟಗಾರರ ಬೂಟುಗಳ ಸುತ್ತ ನೆಲದ ತುಂಬ, ಟ್ರಾಲಿ ಹಳಿಗೆ ಹಾಸುವಂಥ ಕಲ್ಲುಗಳು ತಲೆಯೆತ್ತಿಕೊಂಡಿದ್ದವು.

ಅಜ್ಜ ಕೋಟಿನ ಜೇಬಿಗೆ ಕೈ ಹಾಕಿ ಕಲ್ಲು ತೆಗೆದು ಫೋಟೊ ಪಕ್ಕಕ್ಕೆ ಹಿಡಿದರು. ಅದೇ ಮೂಲೆ ಮುರಿದಂಥ ಆಕಾರ, ಅದೇ ಬೂದಿ ಬಣ್ಣ. ಅದರ ಒಂದು ಬದಿಗೆ ಅಕ್ರೋಟಿನ ಕಲೆ ಇತ್ತು. ಅದನ್ನು ನಾನೊಬ್ಬನೇ ಗುರುತಿಸಿದೆ.

ಅಜ್ಜಿ ಭೂತಗನ್ನಡಿಯನ್ನು ಕಲ್ಲಿನಿಂದ ಫೋಟೊಗೆ, ಫೋಟೊದಿಂದ ಕಲ್ಲಿಗೆ ಸರಿಸಿ ನೋಡಿದರು.

“ಅಮ್ಮ ಕೂರುತ್ತಿದ್ದದ್ದು ಬ್ಯಾಟ್ ಹಿಡಿದವನ ಹಿಂದೆ,” ಎಂದರು ಕೊನೆಗೆ. “ಅಲ್ಲಿಂದ ಚೆಂಡು ಕಾಣುತ್ತೆ. ನೆಲದ ಕಲ್ಲು ಕಾಣಲ್ಲ. ಕಂಡದ್ದನ್ನ ಬರೆದಳು.”

“ಅಪ್ಪ ಆದದ್ದನ್ನ ಹೇಳಿದ,” ಎಂದರು ಅಜ್ಜ.

“ಹೂಂ,” ಎಂದರು ಅಜ್ಜಿ. ಅಜ್ಜ ಟೋಪಿಯನ್ನು ಒಂದು ಸುತ್ತು ತಿರುಗಿಸಿದರು.

ಲೈಬ್ರರಿಯ ಹೆಂಗಸಿಗೆ ಬೇಸ್‌ಬಾಲ್ ಚೆನ್ನಾಗಿ ಗೊತ್ತಿತ್ತು. ಪಾಪ, ಒಳ್ಳೆಯ ಮನಸ್ಸಿನಿಂದಲೇ ಹೇಳಿದರು: “ನಿಯಮದ ಪ್ರಕಾರ ಚೆಂಡು ಕಲ್ಲಿಗೆ ತಗುಲಿ ಹಾರಿದರೆ ಅದನ್ನ ಹಿಟ್ ಅಂತಲೇ ಬರೀಬೇಕು.”

“ಯಾವ ಲೀಗಿನ ನಿಯಮ?” ಎಂದರು ಅಜ್ಜಿ.

“ನಮ್ಮ ಲೀಗು ಮುಚ್ಚಿದೆ,” ಎಂದರು ಅಜ್ಜ. “ದೂರಿದ್ದರೆ ಅದರ ಆಫೀಸಿಗೆ ಹೋಗಿ ಕೊಡಿ.”

ಆ ಹೆಂಗಸು ನಿಂಬೆ ಶರಬತ್ತು ತರಲು ಹೋದರು. ಅಜ್ಜಿಯ ಬೆರಳು ಮತ್ತೆ ನನ್ನ ಹಾಳೆಯ ಮೇಲೆ ಇಳಿಯುತ್ತಾ ಇಳಿಯುತ್ತಾ ಕೊನೆಯ ಸಾಲಿಗೆ ಬಂದು ನಿಂತಿತು.

“ಇದೇನು ಖಾಲಿ ಸಾಲು?”

ಈ ಸಲ ಚಿಕ್ಕಪ್ಪನೇ ಮುಂದೆ ಬಂದು ಇಂಗ್ಲಿಷಿನಲ್ಲಿ ವಿವರಿಸಿದರು. ನಮ್ಮ ಆಟದಲ್ಲಿ ಕೆಲವು ರನ್ನು ಬರುತ್ತವೆ, ಅವು ಬ್ಯಾಟ್ಸ್‌ಮನ್ ಹೊಡೆದದ್ದಲ್ಲ, ಯಾರ ಹೆಸರಿಗೂ ಸೇರುವುದಿಲ್ಲ. ಅಂಥದ್ದಕ್ಕೆ ಈ ಸಾಲು.

“ನಿಮ್ಮ ಆಟದಲ್ಲಿ ಇಂಥ ಸಾಲು ಮೊದಲಿಂದಲೂ ಇದೆಯಾ?”

ಚಿಕ್ಕಪ್ಪ ಹೌದೆಂದರು, ತಾವೇ ಕಂಡುಹಿಡಿದವರ ಹಾಗೆ.

ಅಜ್ಜಿ ಅಜ್ಜನ ಮುಖ ನೋಡಿದರು. ಅಜ್ಜ ತಲೆಯಾಡಿಸಿದರು. “ಬರಿ,” ಎಂದರು ಅಜ್ಜಿ ನನಗೆ.

“ಏನಂತ ಮೇಡಂ?”

“ಕಲ್ಲು ಅಂತ. ಒಂದು ಎರರ್, ಕಲ್ಲಿನದು. ಅಮ್ಮನ ಪುಸ್ತಕ ಇದ್ದ ಹಾಗೇ ಇರಲಿ, ಅದನ್ನ ನಾನು ಮುಟ್ಟಲ್ಲ. ಗೋಡೆ ಮೇಲೆ ಇದಿರಲಿ.”

“ನಿಮ್ಮ ಭಾಷೇಲಿ ಬರಿ,” ಎಂದರು ಅಜ್ಜ. “ಇಂಗ್ಲಿಷಲ್ಲಿ ಬರೆದರೆ ನಾಳೆ ಯಾರಾದರೂ ಬುದ್ಧಿವಂತ ಓದಿ ಮತ್ತೆ ನಿಯಮ ತೆಗೀತಾನೆ.”

ಪೆನ್ನು ತೆಗೆದೆ. ಇಬ್ಬರು ಹಿರಿಯರು ಎರಡು ಭುಜದ ಮೇಲಿಂದ ಬಗ್ಗಿ ನೋಡುತ್ತಿದ್ದರು. ಹಿಂದೆ ಚಿಕ್ಕಪ್ಪ, ಅವರ ಹಿಂದೆ ಗೋಳಿಬಜೆ ಹಿಡಿದ ಚಿಕ್ಕಮ್ಮ. ಎಕ್ಸ್‌ಟ್ರಾ ಸಾಲಿನಲ್ಲಿ ‘ಕಲ್ಲು’ ಎಂದು ಬರೆದು ಮುಂದೆ ‘1’ ಎಂದು ಹಾಕಿದೆ. ಅಕ್ಷರ ಸೊಟ್ಟಗಾಗಿ ಇಂಕು ಸ್ವಲ್ಪ ಹರಡಿತು.

“ಮುತ್ತಿನ ಹಾಗೆ ಅಂದಿದ್ದೆ,” ಎಂದರು ಓನರ್ ಅಜ್ಜಿ.

“ಕೋಳಿ ಕೆದರಿದ ಹಾಗುಂಟು,” ಎಂದರು ಚಿಕ್ಕಪ್ಪ. “ಸಣ್ಣವನಿರುವಾಗಲೂ ಹೀಗೇ.”

ಅಜ್ಜ ಕಲ್ಲನ್ನು ಫೋಟೊದ ಕೆಳಗಿನ ಮೇಜಿನ ಮೇಲಿಟ್ಟು, ಮೊದಲ ಸಲ ಅದರಿಂದ ಕೈ ತೆಗೆದು, ಒಂದು ಗೋಳಿಬಜೆ ತೆಗೆದುಕೊಂಡರು. ಎರಡನೆಯದನ್ನು ಅಜ್ಜಿಯ ಕಡೆ ಎಸೆದರು. ಅಜ್ಜಿ ಒಂದೇ ಕೈಯಲ್ಲಿ ಹಿಡಿದರು.

ಒಂದು ದಿನದ ಪ್ರದರ್ಶನ ಒಂದು ತಿಂಗಳು ಉಳಿಯಿತು. ಲೈಬ್ರರಿಯ ಹೆಂಗಸು ಒಂದು ದಿನ ಅಜ್ಜಿಗೆ ಫೋನ್ ಮಾಡಿದರು. ಆಗ ನಾನು ಅಲ್ಲೇ ಅಡುಗೆಮನೆಯಲ್ಲಿ ಸ್ಟೂಲ್ ಮೇಲೆ ನಿಂತು ಮತ್ತೊಂದು ಬಲ್ಬು ಬದಲಾಯಿಸುತ್ತಿದ್ದೆ. ಬಂದವರೆಲ್ಲ ಕೊನೆಯ ಸಾಲಿನಲ್ಲಿರುವ ಆಟಗಾರ ಯಾರು, ಅವನು ಎಲ್ಲಿ ನಿಲ್ಲುತ್ತಿದ್ದ ಎಂದು ಕೇಳುತ್ತಿದ್ದಾರಂತೆ, ಏನು ಹೇಳಲಿ ಎಂದರಂತೆ.

“ಫಸ್ಟ್ ಬೇಸಿನ ಸ್ವಲ್ಪ ಮುಂದೆ,” ಎಂದರು ಅಜ್ಜಿ. “ಇಡೀ ಸೀಸನ್ ಜಾಗ ಬಿಟ್ಟು ಕದಲಿದವನಲ್ಲ ಅಂತ ಹೇಳು.”